ಒಂದು ಲೋಟ ಬಿಸಿ ಆಲು

ಇಪ್ಪತ್ತೆರಡು ವರ್ಷದಲ್ಲಿ ಹದಿನಾಲ್ಕು ಸಿನಿಮಾಗಳಿಗೆ ಹಾಸ್ಯ ಬರೆದುಕೊಟ್ಟ ಶಿವಮಲ್ಲಪ್ಪನ ಹೆಸರು ತೆರೆಯ ಮೇಲೆ ಒಂದು ಸಲವೂ ಸರಿಯಾಗಿ ಬಂದಿರಲಿಲ್ಲ. ಒಮ್ಮೆ ಶಿವಮಲ್ಲು ಆದ, ಒಮ್ಮೆ ಬರೀ ಶಿವಪ್ಪ ಆದ, ಇನ್ನೊಮ್ಮೆ ಕೃತಜ್ಞತೆಗಳ ಪಟ್ಟಿಯಲ್ಲಿ ಜನರೇಟರ್‌ನವನಿಗೂ ಅಡುಗೆಯವನಿಗೂ ನಡುವೆ ಸಿಕ್ಕಿಕೊಂಡ. ಮಿಕ್ಕವುಗಳಲ್ಲಿ ಅದೂ ಇಲ್ಲ. ಜನ ನಕ್ಕಿದ್ದೆಲ್ಲ ನಟರ ಪಾಲಾಯಿತು. "ಆ ಡೈಲಾಗ್ ನಂದು" ಎಂದರೆ ಸಿದ್ಧಾರ್ಥನಗರದ ವಾಕಿಂಗ್ ಗೆಳೆಯರು "ಹೌದಾ ಸ್ವಾಮಿ?" ಎಂದು ಹುಬ್ಬು ಹಾರಿಸುತ್ತಿದ್ದರು. ಹೊಟ್ಟೆ ಉರಿಯದೆ ಇರುತ್ತದೆಯೇ?

ಅದಕ್ಕೇ ಈ ಸಲ ಹಟ ಹಿಡಿದ. ಹೆಸರು ಒಂಟಿಯಾಗಿ, ದೊಡ್ಡದಾಗಿ ಬರಬೇಕು, ಇಲ್ಲದಿದ್ದರೆ ಬರೆಯುವುದಿಲ್ಲ. ನಿರ್ದೇಶಕರು ಒಪ್ಪಿದರು. ಶಿವಮಲ್ಲಪ್ಪ ಮಂಡಿ ಮೊಹಲ್ಲಾದ ಅಣ್ಣನ ಬೆಲ್ಲದ ಅಂಗಡಿಯಲ್ಲಿ ವಾರಗಟ್ಟಲೆ ಕೂತು, ಬಂದವರ ಮಾತು ಕದ್ದು ಕೇಳಿ, ತನ್ನ ಜೀವಮಾನದ ದೃಶ್ಯವನ್ನು ಬರೆದ. ಕಡಕೊಳದ ಕಡೆಯ ಯಜಮಾನನೊಬ್ಬ ಮಗನಿಗೆ ಹೆಣ್ಣು ನೋಡಲು ಬರುತ್ತಾನೆ. ಅವನ ಬಾಯಲ್ಲಿ ಹಕಾರ ನಿಲ್ಲುವುದಿಲ್ಲ. "ನಮ್ಮುಡ್ಗಂಗೆ ಕಾಫಿ ಆಗಲ್ಲ ಕಣಮ್ಮ, ಒಂದ್ ಲೋಟ ಬಿಸಿ ಆಲು ಕೊಟ್ಬುಡಿ" ಅನ್ನುತ್ತಾನೆ. ದೆಹಲಿಯಲ್ಲಿ ಬೆಳೆದ ಹುಡುಗಿ ಲೋಟದ ತುಂಬ ಬೆಂದ ಆಲೂಗಡ್ಡೆ ತಂದಿಡುತ್ತಾಳೆ. ಓದಿ ಹೇಳಿದಾಗ ಹೆಂಡತಿ ಪ್ರೇಮಲೀಲಾ ಸೆರಗಿನಿಂದ ಬಾಯಿ ಮುಚ್ಚಿಕೊಂಡು ನಕ್ಕಿದ್ದಳು.

ಬಿಡುಗಡೆಯ ದಿನ ಗಂಡ ಹೆಂಡತಿ ಥಿಯೇಟರಿನಲ್ಲಿ ಕೂತರು. 'ಹಾಸ್ಯ ಸಂಭಾಷಣೆ: ಶಿವಮಲ್ಲಪ್ಪ'. ತೆರೆಯಗಲ, ಒಂದು ಒತ್ತಕ್ಷರವೂ ತಪ್ಪಿಲ್ಲ!

"ಬಂತು ಕಣ್ರೀ!" ಎಂದು ಪ್ರೇಮಲೀಲಾ ಅವನ ಕೈ ಹಿಡಿದಳು. ಅವನಿಗೆ ಕಣ್ಣು ತುಂಬಿತು.

ಆಮೇಲೆ ಆ ದೃಶ್ಯ ಬಂತು. ಯಜಮಾನನ ಪಾತ್ರಧಾರಿ ಗಂಟಲು ಸರಿಮಾಡಿಕೊಂಡು, ವಾರ್ತೆ ಓದುವವನ ಹಾಗೆ, "ನಮ್ಮ ಹುಡುಗನಿಗೆ ಕಾಫಿ ಆಗುವುದಿಲ್ಲಮ್ಮ, ಒಂದು ಲೋಟ ಬಿಸಿ ಹಾಲು ಕೊಟ್ಟುಬಿಡಿ" ಎಂದ. ಹುಡುಗಿ ಆಲೂಗಡ್ಡೆ ತಂದಳು. ಇಡೀ ಥಿಯೇಟರಿನಲ್ಲಿ ಒಬ್ಬನೂ ಕಿಸಕ್ಕೆನ್ನಲಿಲ್ಲ.

ಇಂಟರ್‌ವಲ್‌ನಲ್ಲಿ ಸಹನಿರ್ದೇಶಕ ಮೋಹನ್ ಹಲ್ಲು ಬಿಡುತ್ತ ಬಂದ. "ಸಾರ್, ನಿಮ್ ಸ್ಕ್ರಿಪ್ಟಲ್ಲಿ ಎಷ್ಟೋ ಕಡೆ ಹಕಾರಾನೇ ಬಿಟ್ಟೋಗಿತ್ತು. ಟೈಪ್ ಮಾಡ್ಸುವಾಗ ನಾನೇ ಕೂತು ಎಲ್ಲಾ ತಿದ್ದಿಸ್ಬುಟ್ಟೆ."

"ಅದು ತಪ್ಪಲ್ಲ ಕಣೋ! ಅದೇ ಕಣೋ ಜೋಕು!"

ಪಾಪ್‌ಕಾರ್ನ್‌ಗೆ ನಿಂತವರೆಲ್ಲ ತಿರುಗಿ ನೋಡಿದರು. ಮೋಹನನ ಮುಖ ಸಪ್ಪಗಾಯಿತು. "ನಿಮ್ ಹೆಸರನ್ನೂ ಮೂರ್ ಸಲ ಚೆಕ್ ಮಾಡ್ದೆ ಸಾರ್, ತಪ್ಪಾಗ್ಬಾರ್ದು ಅಂತ" ಎಂದ. ಇಂಥವನಿಗೆ ಏನೆಂದು ಬೈಯುವುದು? ಶಿವಮಲ್ಲಪ್ಪ ಹಲ್ಲು ಕಚ್ಚಿಕೊಂಡು ಬಂದು ತನ್ನ ಸೀಟಿನಲ್ಲಿ ಕೂತ.

ಹಿಂದಿನ ಸಾಲಿನಲ್ಲಿ ಇಬ್ಬರು ಗೆಳೆಯರು ಮಾತಾಡುತ್ತಿದ್ದರು.

"ಹಾಲು ಕೇಳಿದ್ರೆ ಆಲೂಗಡ್ಡೆ ತತ್ತಾಳಂತೆ. ಯಾವನೋ ಇದನ್ನ ಬರ್ದೋನು?"

"ಶುರುವಲ್ಲೇ ದೊಡ್ಡದಾಗಿ ಹಾಕಿದ್ರಲ್ಲೋ. ಶಿವಮಲ್ಲಪ್ಪ."

ಪರಿಚಯವಿಲ್ಲದವನೊಬ್ಬ ತನ್ನ ಹೆಸರನ್ನು ನೆನಪಿಟ್ಟು ಹೇಳಿದ್ದನ್ನು ಶಿವಮಲ್ಲಪ್ಪ ಕೇಳಿದ್ದು ಅದೇ ಮೊದಲು. ಪ್ರೇಮಲೀಲಾ ಜಗಳಕ್ಕೆಂದೇ ಹಿಂದೆ ತಿರುಗಿದಳು. ಅವನು ಅವಳ ಮೊಣಕೈ ಹಿಡಿದು ಜಗ್ಗಿದ.

"ಸುಮ್ನಿರು ಮಾರಾಯ್ತಿ. ನಾನೇ ಅಂತ ಗೊತ್ತಾಗ್ಬುಡುತ್ತೆ."