ಫಟಿಕನ ನಾಲ್ಕನೇ ಚರಣ

ಚೆಂಡುಹೂವಿನ ಎಸಳೊಂದು ಅಂಗೈಗೆ ಅಂಟಿಕೊಂಡಿದೆ, ಪುಷ್ಪಾಂಜಲಿ ಮುಗಿದರೂ ಬಿದ್ದಿಲ್ಲ, ಸರಸ್ವತಿ ತಾಯಿ ನನ್ನದನ್ನು ಒಲ್ಲೆನೆಂದಳೇನೋ — ಅವಳ ಪಾದದ ಬಳಿ ನನ್ನ ಹಾರ್ಮೋನಿಯಂ, ಅದರ ಮೇಲೆ ಸ್ವರ ಬರೆದಿಟ್ಟ ಪುಸ್ತಕಗಳು, ಅರವತ್ತು ಸಿನಿಮಾಗಳ ಸಂಗೀತ, ಅಡುಗೆಮನೆಯಿಂದ ಖಿಚುಡಿಯ ಘಮ, ಅಂಗಳದಲ್ಲಿ ಊರೂರು ಅಲೆದು ಹಾಡುವ ಬಾವುಲರ ಪೈಕಿ ಕಾವಿ ಸೀರೆಯ ಹೆಂಗಸೊಬ್ಬಳು ಏಕತಾರಿ ಮೀಟಿ ಹಾಡುತ್ತಿದ್ದಾಳೆ, ನನ್ನ ಹಾಡು, ನನ್ನದೆಂದು ಬಂಗಾಳವೆಲ್ಲ ನಂಬಿದ ಹಾಡು. ಭಾವಮೈದುನ ಬಾದಲನಿಗೆ ಖುಷಿ, ನೋಡಿ ಭಾವ, ಬಾವುಲರಿಗೂ ಈಗ ನಿಮ್ಮ ಹಾಡೇ ಗತಿ, ನಾನು ನಗುತ್ತೇನೆ, ಮುಖ ತಾನಾಗಿ ನಗುತ್ತದೆ, ಇಷ್ಟು ವರ್ಷದ ಅಭ್ಯಾಸ. ಆದರೆ ಅವಳ ಆ ಮೂಗು, ಆ ಗಂಟಲು, ಎಲ್ಲ ಅವನದೇ — ಎಷ್ಟೋ ವರ್ಷದ ಹಿಂದೆ ಅಜಯ ನದಿಯ ದಡದಲ್ಲಿ ಬಾವುಲ ಫಟಿಕ್ ಖ್ಯಾಪಾ ಕಣ್ಮುಚ್ಚಿ ಹಾಡಿದ್ದ, ನಾನು ಬರೆದುಕೊಂಡೆ, ನಾಲ್ಕು ಚರಣ, ಅವರ ಪದ್ಧತಿಯಂತೆ ಕಟ್ಟಿದವನ ಹೆಸರು ಕೊನೆಯದರಲ್ಲಿ, ಫಟಿಕ ಹೇಳುತಾನೆ ಮನವೆ, ದೋಣಿ ನಿನ್ನೊಳಗೇ ಇದೆ. ರೆಕಾರ್ಡಿನಲ್ಲಿ ಮೂರೇ ನಿಮಿಷ ಹಿಡಿಯೋದು ಶಿಬತೋಷ್‌ದಾ, ಒಂದು ಚರಣ ಬಿಡಿ ಅಂದರು ರೆಕಾರ್ಡ್ ಕಂಪನಿಯವರು, ಯಾವುದನ್ನೆಂದು ಯಾರೂ ಹೇಳಲಿಲ್ಲ, ಆರಿಸಿದ್ದು ನಾನು, ಪರದೆಯ ಮೇಲೆ ಸಾಹಿತ್ಯ ಸಂಗೀತ ಎರಡರ ಮುಂದೆಯೂ ನನ್ನ ಹೆಸರೇ ಬಂದಾಗ ಕತ್ತಲಲ್ಲಿ ಕೂತು ಸುಮ್ಮನೆ ನೋಡಿದ್ದೆ.

ಮೂರನೆಯ ಚರಣ ಮುಗಿಯಿತು, ಅವಳು ನಿಲ್ಲಿಸಿಬಿಟ್ಟಳು, ಬೆರಳು ತಂತಿಯ ಮೇಲೆಯೇ ಇದೆ, ಮೀಟುತ್ತಿಲ್ಲ. ಯಾಕೆ ತಾಯಿ ನಿಲ್ಲಿಸಿದೆ, ನನ್ನ ಹೆಂಡತಿ ಬೀಥಿಕಾ ಕೇಳುತ್ತಾಳೆ. ಮುಂದೆ ಇತ್ತಮ್ಮ, ನಮ್ಮಪ್ಪನ ಹೆಸರಿತ್ತು, ರೈಲಲ್ಲಿ ಹಾಡಿದ್ರೆ ಜನ ಬೈತಿದ್ರು, ಸಿನಿಮಾದಲ್ಲಿಲ್ಲದ್ದು ನೀನೆಲ್ಲಿ ಹುಟ್ಟಿಸ್ದೆ ಅಂತ, ಬಿಟ್ಟೂ ಬಿಟ್ಟೂ ನನಗೇ ಮರೆತುಹೋಯ್ತು. ಆಮೇಲೆ ನನ್ನ ಕಡೆ ತಿರುಗಿದಳು, ಸಿಟ್ಟಿಲ್ಲ, ಸಿಟ್ಟಿದ್ದರೆ ಬದುಕಿಕೊಳ್ಳುತ್ತಿದ್ದೆ. ಬಾಬು, ನೀವು ಅಪ್ಪನ ಹತ್ರ ಕೂತು ಬರ್ಕೊಂಡ್ರಿ, ನಿಮಗೆ ಮಂಡಕ್ಕಿ ತಂದ್ಕೊಟ್ಟವಳು ನಾನೇ, ಆ ಪುಸ್ತಕದಲ್ಲಿರ್ಬೇಕಲ್ಲ, ಒಂದ್ಸಲ ಓದಿ ಹೇಳಿ.

ಅಂಗಳವೆಲ್ಲ ನನ್ನತ್ತ, ಬಾದಲನ ನಗು ಅರ್ಧಕ್ಕೇ ನಿಂತಿದೆ, ಬೀಥಿಕಾ ನನ್ನ ಮುಖ ನೋಡುತ್ತಿಲ್ಲ, ಪುಸ್ತಕ ಯಾಕೆ ಬೇಕು, ಒಂದೊಂದು ಅಕ್ಷರವೂ ನಾಲಿಗೆಯ ಮೇಲಿದೆ, ಬಾಯಿ ತೆರೆದರೆ ಸಾಕು ಫಟಿಕನ ಹೆಸರು ಫಟಿಕನಿಗೆ ಹೋಗುತ್ತದೆ, ನನ್ನದು — ತೆರೆದೆ. ಇವತ್ತು ತಾಯಿಯ ಪಾದಕ್ಕಿಟ್ಟ ಪುಸ್ತಕ ತೆಗೆಯೋ ಹಾಗಿಲ್ಲಮ್ಮ, ನಿನಗೂ ಗೊತ್ತಲ್ಲ, ಎಂದೆ, ದೇವಿಯ ಸೆರಗಿನ ಹಿಂದೆ ಅಡಗಿ ಎಂದೆ. ಅವಳು ಹೌದೆಂದು ತಲೆಬಾಗಿದಳು, ನಂಬಿದಳು. ಹಾಗಾದ್ರೆ ನಾಳೆವರೆಗೂ ಇಲ್ಲೇ ಕೂತಿರ್ತೀನಿ ಬಾಬು. ಕೂತಳು, ಪ್ರತಿಮೆಯ ಎದುರಿಗೇ, ಏಕತಾರಿ ಕೆಳಗಿಡಲಿಲ್ಲ, ಬೆರಳು ತಂತಿಯ ಮೇಲೆ, ಖಿಚುಡಿ ಬಡಿಸುತ್ತಾರೆ, ಯಾರೋ ಕರೆಯುತ್ತಾರೆ, ಬೆರಳು ತಂತಿಯ ಮೇಲೆ, ಮೀಟುವುದಿಲ್ಲ, ತೆಗೆಯುವುದೂ ಇಲ್ಲ, ಬೆರಳು —