ಬ್ರೇಕ್ ಹಿಡಿದವನ ಮುಖ

ಆಗ ನಮ್ಮ ಸೇಂಟ್ ಮೊರಿಟ್ಸ್‌ನಲ್ಲಿ ಮಂಜುಗಡ್ಡೆಯ ಇಳಿಜಾರು ದಾರಿಯಲ್ಲಿ ನಾಲ್ಕೈದು ಜನ ಸಾಲಾಗಿ ಕೂತು ಇಳಿಯುವ ಒಂದು ಬಾಬ್ ಜಾರುಬಂಡಿಯ ಬೆಲೆ ಏಳುನೂರು ಫ್ರಾಂಕ್. ಅದರ ಹಿಂದೆ ಕೂತು ಬ್ರೇಕ್ ಹಿಡಿಯುವ ಊರಿನ ಆಳಿಗೆ ಒಂದು ಸಲ ಇಳಿದರೆ ಎರಡು ಫ್ರಾಂಕ್, ಮೇಲೊಂದು ಲೋಟ ಬಿಸಿ ವೈನ್. ಆ ಆಳು ನನ್ನ ಅಣ್ಣ ತುಮಾಶ್. ಮುಂದೆ ಕೂತು ಬಂಡಿ ತಿರುಗಿಸುತ್ತಿದ್ದವರು ಹೋಟೆಲಿಗೆ ಬಂದಿದ್ದ ಇಂಗ್ಲಿಷ್ ದೊರೆ ಹ್ಯಾರೋಬಿ.

ಬಂಡಿ ಬಿಡುತ್ತಿದ್ದದ್ದು ಬೆಳಿಗ್ಗೆ ಮಾತ್ರ. ದೊಡ್ಡ ತಿರುವಿಗೆ ಬಿಸಿಲು ಬಿದ್ದು ಮಂಜುಗಡ್ಡೆ ಮೆತ್ತಗಾಯಿತೆಂದರೆ ಹಗ್ಗ ಕಟ್ಟಿ ದಾರಿ ಮುಚ್ಚುತ್ತಿದ್ದರು. ತಿರುವಿನಲ್ಲಿ ಬ್ರೇಕ್ ಒತ್ತುವುದಂತೂ ಯಾರೂ ಮಾಡದ ಕೆಲಸ. ಅದರ ಕಬ್ಬಿಣದ ಹಲ್ಲು ಮಂಜುಗಡ್ಡೆಯನ್ನು ಉತ್ತುಬಿಡುತ್ತದೆ, ಬಂಡಿಯ ಹಿಂಭಾಗ ಗಿರ್ರನೆ ಆಚೆ ಹೋಗುತ್ತದೆ.

ಆ ಚಳಿಗಾಲ ಬರ್ಲಿನ್‌ನಿಂದ ಸಿನಿಮಾ ತೆಗೆಯುವವನೊಬ್ಬ ಬಂದು ದೊಡ್ಡ ತಿರುವಿನಲ್ಲೇ ಕ್ಯಾಮೆರಾ ಪೆಟ್ಟಿಗೆ ನಿಲ್ಲಿಸಿದ.

"ಬೆಳಿಗ್ಗೆ ಇಲ್ಲಿ ಬರೀ ನೆರಳು. ಬಂಡಿನ ಮಧ್ಯಾಹ್ನ ಬಿಡಿ. ಹಿಂದಿನವನು ಇಲ್ಲೇ ಬ್ರೇಕ್ ಒತ್ತಲಿ, ಬಿಳಿ ಪುಡಿ ಎದ್ರೆ ಚೆನ್ನಾಗಿ ಕಾಣತ್ತೆ."

"ಮಧ್ಯಾಹ್ನ ಇದು ಗಂಜಿ ಆಗಿರತ್ತೆ ದೊರೆ," ಅಂದ ಅಣ್ಣ.

"ಹೆದರಿಕೆನಾ ತುಮಾಶ್? ನಿಮ್ಮಮ್ಮನ್ನ ಕೂರಿಸ್ಲಾ?" ಹ್ಯಾರೋಬಿ ನಕ್ಕರು.

"ಅಮ್ಮ ಕೂತ್ರೆ ಕೆಳಗೆ ಮುಟ್ಟೋವರೆಗೂ ನಿಮ್ಗೆ ಬೈತಾಳೆ."

ಮಧ್ಯಾಹ್ನ ದಾರಿಗೆ ಕಟ್ಟಿದ್ದ ಹಗ್ಗವನ್ನು ಅಣ್ಣನೇ ಬಿಚ್ಚಿದ. ನನ್ನ ಕಡೆ ತಿರುಗಿ, "ಒಂದು ಫೋಟೋ ತೆಗೆಸ್ಕೋ ಅಂತ ಅಮ್ಮ ಪ್ರಾಣ ತಿಂತಿದ್ಲಲ್ಲ. ಈ ಸಿನಿಮಾದಲ್ಲೇ ನೋಡ್ಕೊಳ್ಲಿ," ಅಂದ.

ಹೇಳಿದ ಜಾಗದಲ್ಲೇ ಬ್ರೇಕ್ ಒತ್ತಿದ. ಬಂಡಿ ತಿರುಗಿ ದಾರಿಯಂಚಿನ ಮಂಜುಗಡ್ಡೆಯ ಗೋಡೆ ಹಾರಿತು. ಉಳಿದವರು ಮೆತ್ತನೆಯ ಹಿಮಕ್ಕೆ ಬಿದ್ದರು, ಅಣ್ಣ ಮರಕ್ಕೆ ಬಡಿದ. ನಾವು ಹತ್ತಿರ ಹೋಗುವಷ್ಟರಲ್ಲಿ ಉಸಿರಿರಲಿಲ್ಲ.

ಮುಂದಿನ ಚಳಿಗಾಲ ಆ ಸಿನಿಮಾ ಹೋಟೆಲಿನ ಸಭಾಂಗಣಕ್ಕೆ ಬಂತು. ಕೆಲಸದವರು, ಅವರ ಮನೆಯವರು ಗೋಡೆ ಪಕ್ಕ ನಿಂತು ನೋಡಬಹುದಿತ್ತು. ಮಗನ ಮುಖ ಇನ್ನೊಮ್ಮೆ ನೋಡಲು ಅಮ್ಮ ಚರ್ಚಿನ ಕರಿ ಉಡುಪು ಹಾಕಿಕೊಂಡು ಬಂದಳು.

ಪರದೆಯ ಮೇಲೆ ಬಂಡಿ ಬಂತು. ವೇಗ ಹೆಚ್ಚಲೆಂದು ಕೂತವರೆಲ್ಲ ಹಿಂದೆ ಮುಂದೆ ತೂಗುತ್ತಿದ್ದರು. ನೋಡುತ್ತಿದ್ದ ಜನ, ಕಾಳು ಕುಕ್ಕುವ ಕೋಳಿಗಳ ಹಾಗಿದ್ದಾರೆಂದು ನಕ್ಕರು. ಅಣ್ಣ ಮುಂದಿನವರ ಬೆನ್ನ ಮರೆಯಲ್ಲಿದ್ದ. ತಿರುವು ಬಂತು, ಬಿಳಿ ಪುಡಿ ಎದ್ದಿತು. ಎಲ್ಲರೂ ಆಹಾ ಅಂದರು. ಅಲ್ಲಿಗೇ ಕತ್ತರಿಸಿದ್ದರು. ಆಮೇಲೆ ಬಂದದ್ದು ಹ್ಯಾರೋಬಿ ಬೇರೆ ಯಾವತ್ತೋ ಟೋಪಿ ಬೀಸಿದ ಚಿತ್ರ.

"ತುಮಾಶ್ ಎಲ್ಲೇ?"

"ಆ ಪುಡಿ ಹಿಂದೆ ಅಮ್ಮ."

"ಇನ್ನೊಂದ್ಸಲ ಹಾಕಕ್ಕೆ ಹೇಳು."

ಕೇಳಿಕೊಂಡೆ, ಹಾಕಿದರು. ಪುಡಿ ಅಷ್ಟೇ ಎತ್ತರಕ್ಕೆ ಎದ್ದಿತು. ಅಮ್ಮ ಕತ್ತು ಓರೆ ಮಾಡಿ, ಅದರ ಆಚೆ ನೋಡಬಹುದೇನೋ ಅನ್ನುವಂತೆ ಬಗ್ಗಿದಳು.

ಬರ್ಲಿನ್‌ನವನಿಗೆ ಕೇಳಿದ ಚಿತ್ರ ಸಿಕ್ಕಿತು. ಅಮ್ಮನಿಗೆ ಮಗನೂ ಹೋದ, ಮುಖವೂ ಸಿಗಲಿಲ್ಲ.