ನಲವತ್ತು ವರ್ಷದ ಹುಡುಗಿ

ಬಂಡೆಮ್ಮ ಬರುತ್ತಿದ್ದುದು ಮಧ್ಯಾಹ್ನ ಎರಡೂವರೆಗೆ. ಸತ್ತು ಎಷ್ಟೋ ಕಾಲವಾದ ಹೆಂಗಸು ಗಡಿಯಾರವನ್ನು ಇಷ್ಟು ಚೆನ್ನಾಗಿ ಪಾಲಿಸುತ್ತಾಳಲ್ಲ ಎಂದು ಕೃಷ್ಣಾಬಾಯಿಯವರಿಗೇ ಸೋಜಿಗ. ಊಟ ಮುಗಿದು, ಮಜ್ಜಿಗೆ ಹೊಟ್ಟೆ ಸೇರಿ, ಬಾಲ್ಕನಿಯ ಕುರ್ಚಿಯಲ್ಲಿ ಉರ್ದು ಕಾಗದಗಳನ್ನು ತೊಡೆಯ ಮೇಲಿಟ್ಟುಕೊಂಡು ಕೂತಾಗ ಕನ್ನಡಕ ಮೂಗಿನ ತುದಿಗೆ ಜಾರುತ್ತದೆ ನೋಡಿ, ಸರಿಯಾಗಿ ಆಗ ಅವಳು ಹಾಜರ್. ಏಳನೆಯ ಮಹಡಿಗೆ ಲಿಫ್ಟಿನಲ್ಲಿ ಬರುತ್ತಿರಲಿಲ್ಲ. ಎದುರಿನ ಅರ್ಧ ಕಟ್ಟಿದ ಕಟ್ಟಡದ ಬೂದು ಧೂಳಿನೊಳಗಿಂದ ಹೊರಬಿದ್ದು, ಕ್ರೇನಿನ ತೋಳಿನ ಕೆಳಗೆ ಗಾಳಿಯ ಮೇಲೇ ಕಾಲಿಟ್ಟು, ಸಾವಕಾಶವಾಗಿ ನಡೆದು ಬರುತ್ತಿದ್ದಳು. ತಲೆಯ ಮೇಲೆ ಸೆರಗು. ಬಂದು ಎದುರಿಗೆ ನಿಂತು ಒಂದೇ ಒಂದು ಮಾತು ಹೇಳುತ್ತಿದ್ದಳು. ತುಟಿ ಅಲ್ಲಾಡುವುದು ಕಾಣುತ್ತಿತ್ತು, ದನಿ ಕೇಳುತ್ತಿರಲಿಲ್ಲ.

"ಗೊತ್ತದವಾ, ಗೊತ್ತದ," ಎನ್ನುತ್ತಿದ್ದರು ಕೃಷ್ಣಾಬಾಯಿ ಕನಸಿನಲ್ಲೇ. "ಹುಡುಗಿ ಅಂತೀ. ಬರದೀನಿ ಅದನ್ನ."

ಬಂಡೆಮ್ಮ ತಲೆಯಲ್ಲಾಡಿಸಿ ವಾಪಸು ಧೂಳಿಗೆ ಹೊರಟುಹೋಗುತ್ತಿದ್ದಳು. ಆ ತಲೆಯಲ್ಲಾಡಿಸಿದ್ದು ಹೂಂ ಎಂದೋ ಊಹೂಂ ಎಂದೋ, ಎಚ್ಚರವಾದ ಮೇಲೆ ನೆನಪಿರುತ್ತಿರಲಿಲ್ಲ.

ಕೃಷ್ಣಾಬಾಯಿಯವರಿಗೆ ಅರವತ್ತಾರು. ಸರ್ಕಾರದ ತರ್ಜುಮೆ ಕಚೇರಿಯಲ್ಲಿ ಮೂವತ್ತೆರಡು ವರ್ಷ ಉರ್ದು ಕಾಗದಗಳಿಗೆ ಬಾಯಿ ಕೊಟ್ಟವರು. ತರ್ಜುಮೆ ಇವರದು, ಕೆಳಗೆ ರುಜು ಮಾತ್ರ ಯಾರೋ ಸಾಹೇಬರದು. ದುಡಿದದ್ದು ಎತ್ತು, ಕೊರಳಿಗೆ ಹಾರ ಗೌಡನಿಗೆ! ಈಗ ಹೈದರಾಬಾದಿನ ಮಣಿಕೊಂಡದಲ್ಲಿ ತಮ್ಮನ ಮಗ ಅಕ್ಷಯನ ಹೊಸ ಫ್ಲ್ಯಾಟಿನಲ್ಲಿ ವಾಸ. ಅಕ್ಷಯನೂ ಹೆಂಡತಿಯೂ ಬೆಳಿಗ್ಗೆ ಕ್ಯಾಬು ಹತ್ತಿ ಕಂಪ್ಯೂಟರ್ ಆಫೀಸಿಗೆ ಹೋದರೆಂದರೆ ಇಡೀ ದಿನ ಮನೆ ಇವರದು, ಧೂಳು ಇವರದು, ಬಂಡೆಮ್ಮ ಇವರವಳು.

ಬಂಡೆಮ್ಮನನ್ನು ತಂದು ಇವರ ತೊಡೆಯ ಮೇಲೆ ಕೂರಿಸಿದವಳು ಶುಭಾ. ಹಿಮಾಯತ್‌ನಗರದ ಒಂದು ಸಂಶೋಧನಾ ಕೇಂದ್ರದಲ್ಲಿ ಕೆಲಸ. ಹಳೆಯ ಹೈದರಾಬಾದ್ ಸಂಸ್ಥಾನದ ಕೋರ್ಟುಗಳು ಹೆಂಗಸರ ಮದುವೆಯನ್ನು ಹೇಗೆ ಅಳೆದವು ಎಂಬುದರ ಮೇಲೆ ನಾಲ್ಕು ವರ್ಷದಿಂದ ಪುಸ್ತಕ ಬರೆಯುತ್ತಿದ್ದಳು. ಅವಳಿಗೆ ಉರ್ದು ಬಾರದು. ಗುಮಾಸ್ತರ ಶಿಕಸ್ತ ಬರವಣಿಗೆಯಂತೂ ಉರ್ದು ಬಂದವರಿಗೂ ಬಾರದು. ಅವಸರದಲ್ಲಿ ಅಕ್ಷರ ಮುರಿದು, ಬಿಡಿಸಿ ಬರೆಯಬೇಕಾದ್ದನ್ನು ಅಂಟಿಸಿ, ಅಂಟಿಸಬೇಕಾದ್ದನ್ನು ನುಂಗಿ ಬರೆಯುವ ಕೈ ಅದು. ಅದನ್ನು ಓದುವವರು ಊರಲ್ಲಿ ಬೆರಳೆಣಿಕೆಯಷ್ಟು. ಅದರಲ್ಲಿ ಕೃಷ್ಣಾಬಾಯಿ ಒಬ್ಬರು.

ತೊಂಬತ್ತೈದು ವರ್ಷದ ಹಿಂದಿನ ದಾವೆ. ಸುರಪುರದ ಕಡೆಯ ಬಂಡೆಮ್ಮ ಗಂಡ ಸತ್ತ ಮೇಲೆ ಇನ್ನೊಬ್ಬನ ಮನೆಯಲ್ಲಿ ಹದಿನೆಂಟು ವರ್ಷ ಬಾಳಿದಳು. ಅವನೂ ಸತ್ತ. ಅವನ ಅಣ್ಣತಮ್ಮಂದಿರು ಇವಳನ್ನು ಹೊರಗೆ ಹಾಕಿದರು. ಇವಳು ಕಚೇರಿಯ ಮೆಟ್ಟಿಲು ಹತ್ತಿದಳು. ಸತ್ತವನಿಗೆ ನೀನು ಏನಾಗಬೇಕು ಎಂದು ಕೇಳಿದರು. ಅವನ ಲಡ್ಕಿ ಎಂದಳು. ಪುರಾವೆ ಏನು ಎಂದರು. ಉಟ್ಟಿದ್ದೇನಲ್ಲ ಎಂದಳು. ಮುನ್ಸೀಫ ಸಾಹೇಬ ದುಂಡಗಿನ ಅಕ್ಷರದಲ್ಲಿ ತೀರ್ಪು ಬರೆದ: ತಾನು ಬರೀ ಲಡ್ಕಿಯೆಂದು ಇವಳೇ ಒಪ್ಪಿದ್ದಾಳೆ, ಅವನು ಕೊಟ್ಟ ಬಟ್ಟೆ ಉಟ್ಟುಕೊಂಡಿದ್ದವಳು, ಹೆಂಡತಿಯಲ್ಲ. ದಾವೆ ವಜಾ.

ಕೃಷ್ಣಾಬಾಯಿ 'ಹುಡುಗಿ' ಎಂದು ತರ್ಜುಮೆ ಮಾಡಿ ಕೊಟ್ಟಾಗ ಶುಭಾ ಕುಣಿದಾಡಿದ್ದಳು. "ನಲವತ್ತು ವರ್ಷದ ಹೆಂಗಸು ತನ್ನನ್ನ ತಾನು ಹುಡುಗಿ ಅಂತಾಳ ನೋಡ್ರಿ ಬಾಯಿಯವರ! ತನ್ನ ಸಂಬಂಧಕ್ಕ ಆಕಿ ಹತ್ರ ಒಂದು ಹೆಸರ ಇಲ್ಲ. ಇದರ ಮ್ಯಾಲೆ ಒಂದು ಇಡೀ ಅಧ್ಯಾಯ ನಿಲ್ಲತದ!"

ನಿಂತಿತ್ತು ಕೂಡ. ಅಧ್ಯಾಯದ ಹೆಸರೇ 'ನಲವತ್ತು ವರ್ಷದ ಹುಡುಗಿ'. ಶುಕ್ರವಾರ ಪುಸ್ತಕ ಅಚ್ಚಿಗೆ ಹೋಗುವುದಿತ್ತು. ಒಳಪುಟದಲ್ಲಿ 'ಉರ್ದು ಮೂಲದಿಂದ ಅನುವಾದ: ಕೃಷ್ಣಾಬಾಯಿ' ಎಂದು ಬರುವುದಿತ್ತು. ಆ ಪುಟದ ಪ್ರತಿಯನ್ನು ಅವರು ದಿಂಬಿನ ಕೆಳಗೆ ಇಟ್ಟುಕೊಂಡಿದ್ದರು. ಅರವತ್ತಾರು ವರ್ಷಕ್ಕೆ ಸ್ವಂತ ಹೆಸರು ಒಂದು ಕಾಗದದ ಮೇಲೆ ಸಿಕ್ಕಿತ್ತು, ಆಸೆ ಪಡಬಾರದೇ? ಭಾಳ ಆಸೆಪಟ್ಟಿದ್ದರು.

ಗುರುವಾರ ಬೆಳಿಗ್ಗೆ ಗದಿಗೆಮ್ಮ ರೊಟ್ಟಿ ಬಡಿಯಲು ಬಂದಳು. ಎದುರಿನ ಕಟ್ಟಡದಲ್ಲಿ ಇಟ್ಟಿಗೆ ಹೊರುವವಳು, ಯಾದಗಿರಿ ಕಡೆಯವಳು. ಅಲ್ಲೇ ತಗಡಿನ ಶೆಡ್ಡಿನಲ್ಲಿ ಗಂಡ ಮೌನಪ್ಪನ ಜೊತೆ ಇದ್ದಳು. ಕೆಲಸಕ್ಕೆ ಹೋಗುವ ಮೊದಲು ಇಲ್ಲಿ ನಾಲ್ಕು ಜೋಳದ ರೊಟ್ಟಿ ಬಡಿದು, ನಾಲ್ಕು ಮಾತು ಬಡಿದು ಹೋಗುತ್ತಿದ್ದಳು. ಅವತ್ತು ರೇಷನ್ ಕಾರ್ಡಿನ ಅರ್ಜಿ ತಂದಿದ್ದಳು.

"ಗಂಡನ ಹೆಸರು?" ಪೆನ್ನು ತೆಗೆದರು ಕೃಷ್ಣಾಬಾಯಿ.

"ಮೌನಪ್ಪ ಅಂತ ಬರೀರಿ. ಬ್ಯಾರೆ ಹೆಸರು ಬರದೀರಿ ಮತ್ತ, ಮೊದಲಿನಾಂವ ಸತ್ತು ಒಂಬತ್ತು ವರ್ಸ ಆತು. ನಾ ಇವನ ಉಡಿಕಿ ಅದೀನ್ರಿ."

"ಹುಡುಗಿ?"

ಗದಿಗೆಮ್ಮ ಹಿಟ್ಟಿನ ಕೈಯಿಂದಲೇ ಬಾಯಿ ಮುಚ್ಚಿಕೊಂಡು ನಕ್ಕಳು. "ಯವ್ವಾ, ನಾ ಯಾವ ಸೀಮಿ ಹುಡುಗಿರಿ! ಹುಡುಗಿ ಅಲ್ಲ, ಉಡಿಕಿ. ಉಡಿಕಿ ಗೊತ್ತಿಲ್ಲೇನ್ರಿ ನಿಮಗ? ಲಗ್ನ ಒಂದ ಸಲ ಆಕ್ಕೈತಿ. ಗಂಡ ಸತ್ತಾಕಿಗೆ ಮತ್ತ ಮಾಡಿದ್ರ ಅದು ಉಡಿಕಿ. ಬಾಜಾ ಇಲ್ಲ, ಬಜಂತ್ರಿ ಇಲ್ಲ. ಅಂವ ಸೀರಿ ತಂದ, ನಾಕು ಮಂದಿ ಮುಂದ ನಾ ಉಟ್ಟೆ, ಮುಗೀತು. ಹೆಂಡ್ತಿ ಅಂದ್ರ ಹೆಂಡ್ತಿನ."

"ಪುರಾವೆ?" ಎಂದು ಕೇಳಿಬಿಟ್ಟರು ಕೃಷ್ಣಾಬಾಯಿ. ಯಾಕೆ ಕೇಳಿದರೋ, ಬಾಯಿ ತಾನೇ ಕೇಳಿತು.

"ಉಟ್ಟೀನಲ್ರಿ!" ಎಂದಳು ಗದಿಗೆಮ್ಮ. ರೊಟ್ಟಿ ಸೀದಿತ್ತು, ಅತ್ತ ಓಡಿದಳು.

ಇದೇ ಪ್ರಶ್ನೆ, ಇದೇ ಉತ್ತರ ಕೃಷ್ಣಾಬಾಯಿ ಬಂಡೆಮ್ಮನ ದಾವೆಯಲ್ಲಿ ಓದಿದ್ದರು. ಅವಳು ಹೋಗುವವರೆಗೂ ತಡೆದು, ಆಮೇಲೆ ಕಾಗದ ತೆಗೆದು ಭೂತಗನ್ನಡಿ ಹಿಡಿದರು. ಲಡ್ಕಿ. ಮೊದಲನೆಯ ಅಕ್ಷರ ಲಾಮ್, ಅಂದರೆ ನಮ್ಮ ಲ, ಒಂದು ನೆಟ್ಟನೆಯ ಗೆರೆ, ಬುಡದಲ್ಲಿ ಮುಂದಿನ ಅಕ್ಷರಕ್ಕೆ ಅಂಟಿಕೊಂಡಿದೆ. ಸ್ವರ ಹೊರುವ ಅಲಿಫ್ ಕೂಡ ನೆಟ್ಟನೆಯ ಗೆರೆಯೇ, ಅದು ಮುಂದಿನ ಅಕ್ಷರಕ್ಕೆ ಅಂಟಬಾರದು. ಆದರೆ ಅವಸರದ ಶಿಕಸ್ತ ಕೈಯಲ್ಲಿ ಅಲಿಫೂ ಅಂಟುತ್ತದೆ, ಇದೇ ಗುಮಾಸ್ತ ಇದೇ ಪುಟದಲ್ಲಿ ಮೂರು ಕಡೆ ಅಂಟಿಸಿದ್ದಾನೆ. ಗೆರೆಯ ತಲೆಯ ಮೇಲೆ ಸಾಸಿವೆಯಷ್ಟು ಒಂದು ಕೊಂಕು. ಇಷ್ಟು ದಿನ ಅದನ್ನು ಝೆರಾಕ್ಸಿನ ಕಸ ಅಂದುಕೊಂಡಿದ್ದರು. ಅದು ಕಸವಲ್ಲ, 'ಉ' ಎಂಬ ಸ್ವರದ ಗುರುತು. ಲ ಅಲ್ಲ, ಉ. ಲಡ್ಕಿ ಅಲ್ಲ, ಉಡ್ಕಿ.

ಅಯ್ಯೋ ಶಿವನೇ! ಅವಳ ಹತ್ತಿರ ಹೆಸರಿತ್ತು. ಕಚೇರಿಯಲ್ಲಿ ನಿಂತು ಬಾಯಿ ತುಂಬ ಹೇಳಿದ್ದಳು. ಗುಮಾಸ್ತ ಕೇಳಿದಂತೆ ಬರೆದುಕೊಂಡಿದ್ದ. ಆ ಮಾತು ಕೇಳಿ ಗೊತ್ತಿಲ್ಲದ ಮುನ್ಸೀಫ ತನಗೆ ಗೊತ್ತಿದ್ದ ಮಾತನ್ನು ಓದಿಕೊಂಡು ಅವಳ ಮನೆ ಕಿತ್ತುಕೊಂಡ. ತೊಂಬತ್ತೈದು ವರ್ಷದ ಮೇಲೆ ಕೃಷ್ಣಾಬಾಯಿ ಹೋಗಿ ಅವನ ಪಕ್ಕದ ಕುರ್ಚಿಯಲ್ಲೇ ಕೂತರು.

ಆ ಮಾತು ಇವರಿಗೆ ಕೇಳಿ ಗೊತ್ತಿರಲಿಲ್ಲವೇ? ಚಿಕ್ಕಂದಿನಲ್ಲಿ ನೀರು ಹೊರುವವಳ ಬಾಯಲ್ಲಿ ಒಮ್ಮೆ ಕೇಳಿ, ಹಾಗೆಂದರೇನು ಎಂದು ಕೇಳಿದ್ದಕ್ಕೆ ತಾಯಿ ಬಾಯಿಯ ಮೇಲೆ ಹೊಡೆದಿದ್ದರು. ಅಂಥ ಮಾತು ನಮ್ಮ ಮನೆಯಲ್ಲಿ ಆಡುವುದಿಲ್ಲ. ಆಡದ ಮಾತು ಕಣ್ಣಿಗೆ ಬಿದ್ದರೂ ಕಾಣುವುದಿಲ್ಲ.

ಅವತ್ತು ಎರಡೂವರೆಗೆ ಬಂಡೆಮ್ಮ ಬರಲಿಲ್ಲ. ಅವಳ ಬದಲು ರಾಮದಾಸ ಬಂದರು, ಕಚೇರಿಯ ಅದೇ ಬಿಳಿ ಅಂಗಿಯಲ್ಲಿ, ಕಂಕುಳಲ್ಲಿ ಪತ್ರಿಕೆಯಲ್ಲಿ ಸುತ್ತಿದ ಪೊಟ್ಟಣ. ಪೊಟ್ಟಣವನ್ನು ಬಾಲ್ಕನಿಯ ಕಟಾಂಜನದ ಮೇಲಿಟ್ಟು ನಿಂತರು.

ಕೃಷ್ಣಾಬಾಯಿ ಇಪ್ಪತ್ತೊಂದಕ್ಕೆ ವಿಧವೆಯಾದವರು. ತಂದೆ ದೊಡ್ಡ ವಕೀಲರು, ವಿಧವಾ ವಿವಾಹದ ಮೇಲೆ ಸಭೆ ಸಭೆಗಳಲ್ಲಿ ಭಾಷಣ ಮಾಡಿ ಶಾಲು ಹೊದಿಸಿಕೊಂಡವರು. ಅವರ ಕಣ್ಣು ಮಂಜಾದಾಗ ಶಿಕಸ್ತ ಕಾಗದಗಳನ್ನು ಓದಿ ಹೇಳುತ್ತ ಹೇಳುತ್ತಲೇ ಮಗಳು ಈ ವಿದ್ಯೆ ಕಲಿತದ್ದು. ಇಪ್ಪತ್ತಾರರಲ್ಲಿ, ಜೊತೆಗೆ ಕೆಲಸ ಮಾಡುತ್ತಿದ್ದ ರಾಮದಾಸ ಒಂದು ಇಳಕಲ್ ಸೀರೆ ತಂದು ಇವರ ಮೇಜಿನ ಮೇಲಿಟ್ಟು, "ಒಪ್ಪಿಗಿ ಇದ್ರ ಉಟ್ಕೊಂಡು ಬರ್ರಿ, ನಿಮ್ಮ ತಂದಿಯವರನ್ನ ನಾ ಕೇಳತೀನಿ" ಎಂದಿದ್ದರು. ಇವರು ಉಡುವ ಮೊದಲೇ ಹೋಗಿ ಕೇಳಿಬಿಟ್ಟರು, ಅದೇ ತಪ್ಪಾಯಿತು. ಪುರಾಣ ಹೇಳುವುದಕ್ಕೆ, ಬದನೆಕಾಯಿ ತಿನ್ನುವುದಕ್ಕೆ! ತಂದೆ ಬಾಗಿಲಲ್ಲೇ ನಿಂತು, ಇಷ್ಟು ವರ್ಷ ಕೋರ್ಟಿನಲ್ಲಿ ಆಡಿದ ಉರ್ದುವಿನಲ್ಲೇ ಹೇಳಿದರು: "ಲಡ್ಕಿ ಹೈ, ಸಮಝ್ ಜಾಯೇಗಿ." ಹುಡುಗಿ, ತಿಳಿದುಕೊಳ್ಳುತ್ತಾಳೆ. ಕೃಷ್ಣಾಬಾಯಿ ಒಳಗಿನ ಕೋಣೆಯಲ್ಲಿ ನಿಂತು ಕೇಳಿದರು, ತಿಳಿದುಕೊಂಡರು. ರಾಮದಾಸ ಪುಣೆಗೆ ಹೋದರು. ಮುಂದೆ ಏನಾದರೆಂದು ಇವರು ವಿಚಾರಿಸಲೂ ಇಲ್ಲ. ಸೀರೆ ಮಾತ್ರ ಬೇವಿನೆಲೆಯ ನಡುವೆ ಟ್ರಂಕಿನ ತಳದಲ್ಲಿ ನಲವತ್ತು ವರ್ಷ ಮಲಗಿತ್ತು.

ಎಚ್ಚರವಾದಾಗ ಕಟಾಂಜನದ ಮೇಲೆ ಧೂಳಿತ್ತು, ಪೊಟ್ಟಣವಿರಲಿಲ್ಲ. ಕೃಷ್ಣಾಬಾಯಿ ಅತ್ತರು. ಬಂಡೆಮ್ಮನಿಗಾಗಿ ಸ್ವಲ್ಪ, ತಮಗಾಗಿ ಹೆಚ್ಚು, ಸುಳ್ಳೇಕೆ ಹೇಳಬೇಕು. ಹೇಳದೆ ಇದ್ದುಬಿಟ್ಟರೆ? ಆ ಕಾಗದ ಓದುವವರು ಇನ್ನು ಯಾರಿದ್ದಾರೆ? ಪುಸ್ತಕ ಬರುತ್ತದೆ, ಹೆಸರು ಬರುತ್ತದೆ. ಹೇಳಿದರೆ ಶುಭಾಳ ನಾಲ್ಕು ವರ್ಷದ ಅಧ್ಯಾಯ ಕುಸಿಯುತ್ತದೆ, ಅರವತ್ತಾರನೆಯ ವಯಸ್ಸಿಗೆ ಸಿಕ್ಕ ಹೆಸರು 'ಓದಲು ಬಾರದವಳು' ಎಂಬ ಹೆಸರಾಗುತ್ತದೆ. ದಿಂಬಿನ ಕೆಳಗಿನ ಪುಟ ತೆಗೆದು ನೋಡಿದರು, ಮತ್ತೆ ಇಟ್ಟರು, ಮತ್ತೆ ತೆಗೆದರು. ಹೇಳದಿದ್ದರೆ ಬಂಡೆಮ್ಮ ಇನ್ನೂ ನೂರು ವರ್ಷ ಹುಡುಗಿಯಾಗಿಯೇ ಇರಬೇಕು.

ಶುಕ್ರವಾರ ಬೆಳಿಗ್ಗೆ ಗದಿಗೆಮ್ಮ ಬಂದಾಗ ಕೃಷ್ಣಾಬಾಯಿ ಕನ್ನಡಿಯ ಮುಂದೆ ನಿಂತು ಪರದಾಡುತ್ತಿದ್ದರು. ಹಸಿರು ಒಡಲು, ಕೆಂಪು ಸೆರಗು. ಮಡಿಕೆ ಬಿದ್ದಲ್ಲಿ ಸೀರೆ ಪರ್‍ರೆಂದು ಹರಿದಿತ್ತು.

"ಹರದದ್ದು ಒಳಗ ಬರೂ ಹಂಗ ಉಡಸ್ತೀನಿ, ಸುಮ್ಕ ನಿಂದರ್ರಿ," ಎಂದಳು ಗದಿಗೆಮ್ಮ. ಯಾರ ಸೀರೆ, ಯಾಕೆ ಈಗ ಎಂದು ಒಂದು ಮಾತೂ ಕೇಳಲಿಲ್ಲ. ನೆರಿಗೆ ಹಿಡಿದು, ಸಿಕ್ಕಿಸಿ, ಸೆರಗು ಹೊದಿಸಿ, ಎರಡು ಹೆಜ್ಜೆ ಹಿಂದೆ ಸರಿದು ನೋಡಿದಳು. "ಭಾಳ ಚಂದ ಕಾಣಾಕತ್ತೀರಿ."

ಆಟೋದಲ್ಲಿ ಹಿಮಾಯತ್‌ನಗರದವರೆಗೆ ಊರೆಲ್ಲ ನಿದ್ದೆಗಣ್ಣಿನಲ್ಲಿ ತೇಲಿಹೋಯಿತು: ಗಾಜಿನ ಕಟ್ಟಡಗಳು, ಅಗೆದ ರಸ್ತೆಗಳು, ಅಂಗಡಿಗಳ ಮುಂದೆ ನಿಲ್ಲಿಸಿದ ಬಟ್ಟೆಯ ಗೊಂಬೆಗಳು. ಶುಭಾಳ ಮೇಜಿನ ಮೇಲೆ ಅಚ್ಚಿಗೆ ಹೋಗುವ ಕಟ್ಟು ಸಿದ್ಧವಾಗಿತ್ತು. ಕೃಷ್ಣಾಬಾಯಿ ನಿಂತುಕೊಂಡೇ ಹೇಳಿದರು. ಅಲಿಫ್ ತೋರಿಸಿದರು, ಕೊಂಕು ತೋರಿಸಿದರು, ಗದಿಗೆಮ್ಮನ ಮಾತು ಹೇಳಿದರು, ಮುನ್ಸೀಫನ ತೀರ್ಪು ತೋರಿಸಿದರು.

ಶುಭಾ ಅಚ್ಚಿನ ಕಟ್ಟನ್ನು ತನ್ನತ್ತ ಎಳೆದುಕೊಂಡಳು. "ಇಡೀ ಅಧ್ಯಾಯ ತಿರುವು ಮುರುವು ಆತಲ್ರಿ," ಎಂದಳು. "ಹೆಸರಿಲ್ಲದಾಕಿ ಅಂತ ಬರದೆ. ಹೆಸರು ಇತ್ತು, ನಮಗ ಕೇಳಸಲಿಲ್ಲ." ಆಮೇಲೆ ದನಿ ಇಳಿಸಿ, "ಎರಡು ತಿಂಗಳು ಮುಂದಕ್ಕ ಹೋಗಲಿ, ಬರೀತೀನಿ. ಆದ್ರ ನೀವು ತಪ್ಪು ಓದಿದ್ರಿ ಅನ್ನೋದು ಬ್ಯಾಡ. ಸದ್ದಿಲ್ಲದ ತಿದ್ದಿಬಿಡೋಣು. ನಿಮ್ಮ ಹೆಸರು ಯಾಕ ಕೆಡಬೇಕು?"

"ಬ್ಯಾಡ. ಮುನ್ಸೀಫ ತಪ್ಪು ಓದಿದ, ಕೃಷ್ಣಾಬಾಯಿನೂ ಹಂಗ ಓದಿದಳು ಅಂತ ಬರಿ. ನನ್ನ ಹೆಸರು ಅಚ್ಚಾಗೋದಿದ್ರ ಅಲ್ಲಿ ಆಗ್ಲಿ."

ಶುಭಾ ತಲೆಯೆತ್ತಿದಳು. ಆಗಲೇ ಅವಳಿಗೆ ಸೀರೆ ಕಂಡದ್ದು. ನಾಲ್ಕು ವರ್ಷದಲ್ಲಿ ಬಾಯಿಯವರು ಬೂದಿ ಬಣ್ಣ ಬಿಟ್ಟು ಇನ್ನೊಂದು ಉಟ್ಟಿದ್ದನ್ನು ನೋಡಿರಲಿಲ್ಲ.

"ಅಯ್ಯ, ಎಷ್ಟು ಚಂದ ಅದರಿ! ಯಾರು ಕೊಟ್ಟದ್ದು?"

"ರಾಮದಾಸ ಅಂತ."

"ರಾಮದಾಸ ಅಂದ್ರ? ನಿಮಗ ಏನಾಗಬೇಕು ಅವರು?"

ಕೃಷ್ಣಾಬಾಯಿ ಕೆಂಪು ಸೆರಗನ್ನು ತಲೆಯ ಮೇಲೆ ಎಳೆದುಕೊಂಡರು.

"ಉಟ್ಟೀನಲ್ಲ," ಎಂದರು.